ಪೆನ್ಸಿಲ್ವೇನಿಯಾ ಉಪನಗರದ ತೆರಿಗೆಗಳು: ಟೌನ್‌ಶಿಪ್ ಹುಡುಕುವುದರಿಂದ ಮನೆ ತೆರಿಗೆ ಕಟ್ಟುವವರೆಗೆ

ಎಕ್ಸ್‌ಟನ್, ಮಾಲ್ವರ್ನ್, ಕಿಂಗ್ ಆಫ್ ಪ್ರಷಿಯಾ ಕಡೆ ಮನೆ ಮಾಡಿದವರು ಮತ್ತೆ ಮತ್ತೆ ಎಡವುವುದು ನಾಲ್ಕೇ ಜಾಗಗಳಲ್ಲಿ. ಫೆಡರಲ್ ಮತ್ತು ರಾಜ್ಯದ ರಿಟರ್ನ್ ಕಳಿಸಿ ಎಲ್ಲ ಮುಗಿಯಿತೆಂದುಕೊಳ್ಳುತ್ತಾರೆ, ಮೂರನೆಯದಾದ ಸ್ಥಳೀಯ ರಿಟರ್ನ್ ಉಳಿದೇಹೋಗುತ್ತದೆ. ಅಂಚೆ ವಿಳಾಸದ ಊರನ್ನೇ ತಮ್ಮ ಟೌನ್‌ಶಿಪ್ (ಕೌಂಟಿಯೊಳಗಿನ ಸ್ಥಳೀಯ ಆಡಳಿತ) ಎಂದು ಬರೆದುಕೊಡುತ್ತಾರೆ. ಭಾರತದ ಬ್ಯಾಂಕ್ ಬಡ್ಡಿಯನ್ನು ರಾಜ್ಯಕ್ಕೆ ತೋರಿಸುವುದಿಲ್ಲ. ಹೊಸ ಮನೆಗೆ ಬಂದ ಮಧ್ಯಂತರ ಬಿಲ್ಲನ್ನು ಸಾಲ ಕೊಟ್ಟ ಬ್ಯಾಂಕ್ ಕಟ್ಟುತ್ತದೆಂದು ಬದಿಗಿಡುತ್ತಾರೆ. ಈ ನಾಲ್ಕೂ ತಪ್ಪಬೇಕಾದರೆ ಕೆಲಸಗಳನ್ನು ಸರಿಯಾದ ಕ್ರಮದಲ್ಲಿ ಮಾಡಬೇಕು. ಆ ಕ್ರಮ ಇಲ್ಲಿದೆ.

ಉದಾಹರಣೆಗಳು ಹೆಚ್ಚಾಗಿ ಫಿಲಡೆಲ್ಫಿಯಾದ ಪಶ್ಚಿಮಕ್ಕಿರುವ ಚೆಸ್ಟರ್ ಕೌಂಟಿ ಮತ್ತು ಪಕ್ಕದ ಮಾಂಟ್ಗೊಮರಿ ಕೌಂಟಿಯವು. ಪಿಟ್ಸ್‌ಬರ್ಗ್ ಅಥವಾ ಹ್ಯಾರಿಸ್‌ಬರ್ಗ್ ಕಡೆಯವರಿಗೂ ಕ್ರಮ ಇದೇ, ದರಗಳಷ್ಟೇ ಬೇರೆ.

ಮೊದಲು ಕೈಗೆ ಸಿಗುವಂತೆ ಇಟ್ಟುಕೊಳ್ಳಬೇಕಾದ್ದು

ಎಲ್ಲ ಡಬ್ಲ್ಯು-2ಗಳು (ವರ್ಷದ ಸಂಬಳ ಮತ್ತು ಕಡಿತ ತೋರಿಸಿ ಕಂಪನಿ ಕೊಡುವ ಪತ್ರ), ವರ್ಷದ ಕೊನೆಯ ಪೇಸ್ಲಿಪ್, ಮನೆ ಅಥವಾ ಕೆಲಸ ಬದಲಿಸಿದ್ದರೆ ಆ ದಿನಾಂಕಕ್ಕೆ ಹತ್ತಿರದ ಪೇಸ್ಲಿಪ್, ಬಾಡಿಗೆ ಕರಾರು ಅಥವಾ ಮನೆಯ ಡೀಡ್, ಕಳೆದ ವರ್ಷದ ಮೂರೂ ರಿಟರ್ನ್‌ಗಳ ಪ್ರತಿ, ಭಾರತದ ಬ್ಯಾಂಕ್‌ಗಳ ಬಡ್ಡಿ ಪ್ರಮಾಣಪತ್ರ. ಸ್ವಂತ ಮನೆಯಿದ್ದರೆ ಕೌಂಟಿ, ಟೌನ್‌ಶಿಪ್, ಸ್ಕೂಲ್ ಡಿಸ್ಟ್ರಿಕ್ಟ್‌ಗಳ ತೆರಿಗೆ ಬಿಲ್ಲುಗಳು ಮತ್ತು ಸಾಲದ ಕಂಪನಿಯ ಎಸ್ಕ್ರೋ ಪಟ್ಟಿ (ಮನೆ ತೆರಿಗೆಗೆಂದು ಕಂತಿನ ಜೊತೆ ತೆಗೆದಿಡುವ ಹಣದ ಲೆಕ್ಕ) ಕೂಡ ಬೇಕು.

ಹಂತ 1: ನೀವು ನಿಜವಾಗಿ ಯಾವ ಟೌನ್‌ಶಿಪ್‌ನಲ್ಲಿದ್ದೀರಿ ಎಂದು ಪತ್ತೆಮಾಡಿ

ಮುಂದಿನ ಎಲ್ಲ ಹಂತಗಳೂ ಇದರ ಮೇಲೆಯೇ ನಿಂತಿವೆ. ಪೆನ್ಸಿಲ್ವೇನಿಯಾದಲ್ಲಿ ಸುಮಾರು 2,500 ಸ್ಥಳೀಯ ಆಡಳಿತಗಳಿವೆ, ಚೆಸ್ಟರ್ ಕೌಂಟಿಯೊಂದರಲ್ಲೇ 73. ತೆರಿಗೆ ಹಾಕುವುದು ಟೌನ್‌ಶಿಪ್ ಅಥವಾ ಬರೋ (ಸಣ್ಣ ಪಟ್ಟಣದ ಆಡಳಿತ) ಮತ್ತು ಸ್ಕೂಲ್ ಡಿಸ್ಟ್ರಿಕ್ಟ್. ಅಂಚೆ ಕಚೇರಿಯ ಊರಿನ ಹೆಸರಿಗೂ ತೆರಿಗೆಗೂ ಸಂಬಂಧವಿಲ್ಲ.

ಎಕ್ಸ್‌ಟನ್ ಎಂಬ ಟೌನ್‌ಶಿಪ್ಪೇ ಇಲ್ಲ. ಎಕ್ಸ್‌ಟನ್ ಎಂದು ಕಾಗದ ಬರುವ ಮನೆ ವೆಸ್ಟ್ ವೈಟ್‌ಲ್ಯಾಂಡ್‌ನಲ್ಲಿರಬಹುದು, ಆಗ ಸ್ಕೂಲ್ ಡಿಸ್ಟ್ರಿಕ್ಟ್ ವೆಸ್ಟ್ ಚೆಸ್ಟರ್ ಏರಿಯಾ. ಯೂಕ್ಲನ್‌ನಲ್ಲಿದ್ದರೆ ಡೌನಿಂಗ್‌ಟೌನ್ ಏರಿಯಾ. ಮಾಲ್ವರ್ನ್ ಇನ್ನೂ ಗೋಜಲು: ಆ ಹೆಸರಿನ ಬರೋ ಒಂದಿದೆ, ಆದರೆ ಮಾಲ್ವರ್ನ್ ವಿಳಾಸದ ಮನೆಗಳು ಈಸ್ಟ್ ವೈಟ್‌ಲ್ಯಾಂಡ್, ವಿಲಿಸ್‌ಟೌನ್, ಚಾರ್ಲ್ಸ್‌ಟೌನ್, ಟ್ರೆಡಿಫ್ರಿನ್‌ಗಳಲ್ಲೂ ಹರಡಿವೆ. ಕಿಂಗ್ ಆಫ್ ಪ್ರಷಿಯಾ ಇರುವುದು ಅಪ್ಪರ್ ಮೆರಿಯನ್ ಟೌನ್‌ಶಿಪ್‌ನಲ್ಲಿ. ರಸ್ತೆಯ ಆಚೆಬದಿಯ ಮನೆಯವರ ದರ ನಿಮ್ಮ ದರಕ್ಕಿಂತ ಬೇರೆ ಇರಬಹುದು. ಆದ್ದರಿಂದ ನೆರೆಯವರನ್ನು ಕೇಳಿ ತಿಳಿದುಕೊಂಡದ್ದನ್ನು ನೆಚ್ಚಿಕೊಳ್ಳಬೇಡಿ.

ಪತ್ತೆಮಾಡುವ ದಾರಿ ಸುಲಭ. ರಾಜ್ಯದ ಡಿಸಿಇಡಿ (ಸಮುದಾಯ ಮತ್ತು ಆರ್ಥಿಕ ಅಭಿವೃದ್ಧಿ) ಇಲಾಖೆಯ ಮುನಿಸಿಪಲ್ ಸ್ಟ್ಯಾಟಿಸ್ಟಿಕ್ಸ್ ತಾಣದಲ್ಲಿ ವಿಳಾಸ ಹಾಕಿ ಹುಡುಕುವ ಸೌಲಭ್ಯವಿದೆ. ಮನೆ ವಿಳಾಸ, ಕಚೇರಿ ವಿಳಾಸ ಎರಡನ್ನೂ ಒಟ್ಟಿಗೆ ಹಾಕಿ. ಬರುವ ಪುಟದಲ್ಲಿ ಎರಡೂ ಕಡೆಯ ಪಿಎಸ್‌ಡಿ ಕೋಡ್, ನಿವಾಸಿಗಳ ದರ, ಹೊರಗಿನವರ ದರ, ತೆರಿಗೆ ವಸೂಲಿ ಮಾಡುವ ಸಂಸ್ಥೆಯ ಹೆಸರು ಇರುತ್ತವೆ. ಪುಟವನ್ನು ಪಿಡಿಎಫ್ ಮಾಡಿ ದಿನಾಂಕದ ಸಮೇತ ಉಳಿಸಿಡಿ. ದರಗಳು ವರ್ಷದ ನಡುವೆಯೂ ಬದಲಾಗುತ್ತವೆ.

ಪಿಎಸ್‌ಡಿ ಕೋಡ್ ಆರು ಅಂಕಿಗಳದ್ದು. ಮೊದಲ ಎರಡು ವಸೂಲಿ ಜಿಲ್ಲೆ, ನಡುವಿನ ಎರಡು ಸ್ಕೂಲ್ ಡಿಸ್ಟ್ರಿಕ್ಟ್, ಕೊನೆಯ ಎರಡು ಟೌನ್‌ಶಿಪ್. ಚೆಸ್ಟರ್ ಕೌಂಟಿಯದು 15ರಿಂದ, ಮಾಂಟ್ಗೊಮರಿಯದು 46ರಿಂದ ಶುರುವಾಗುತ್ತದೆ. ಚೆಸ್ಟರ್ ಕೌಂಟಿಯಲ್ಲಿದ್ದೂ ನಿಮ್ಮ ಕೋಡ್ 15ರಿಂದ ಆರಂಭವಾಗದಿದ್ದರೆ ಇನ್ನೊಮ್ಮೆ ಪರೀಕ್ಷಿಸಿ. ಇನ್ನೊಂದು ಗೊಂದಲ: ರಾಜ್ಯದ ಪಿಎ-40 ಫಾರ್ಮ್ ಕೇಳುವುದು ಐದು ಅಂಕಿಗಳ ಸ್ಕೂಲ್ ಡಿಸ್ಟ್ರಿಕ್ಟ್ ಕೋಡ್. ಅದೇ ಬೇರೆ, ಇದೇ ಬೇರೆ. ಎರಡನ್ನೂ ಒಂದೇ ಕಾಗದದಲ್ಲಿ ಗುರುತು ಮಾಡಿಟ್ಟುಕೊಳ್ಳಿ.

ಹಂತ 2: ಕಂಪನಿಗೆ ಸರಿಯಾದ ವಿಳಾಸ ಕೊಡಿ, ಪೇಸ್ಲಿಪ್ ನೋಡಿ

ಕೆಲಸಕ್ಕೆ ಸೇರಿದಾಗ, ಮನೆ ಬದಲಿಸಿದಾಗ ರೆಸಿಡೆನ್ಸಿ ಸರ್ಟಿಫಿಕೇಷನ್ ಫಾರ್ಮ್ ತುಂಬಿ ಕಂಪನಿಗೆ ಕೊಡಬೇಕು. ಬಹಳಷ್ಟು ಮಂದಿ ಪೋರ್ಟಲ್‌ನಲ್ಲಿ ವಿಳಾಸ ಬದಲಿಸಿ ಸುಮ್ಮನಾಗುತ್ತಾರೆ, ಟೌನ್‌ಶಿಪ್ ಹಳೆಯದೇ ಉಳಿಯುತ್ತದೆ. ಹಣವೇನೋ ಕಡಿತವಾಗುತ್ತಿರುತ್ತದೆ, ಆದರೆ ಹೋಗುವುದು ಬೇರೆ ಊರಿಗೆ. ವರ್ಷ ಕಳೆದ ಮೇಲೆ ನಿಮ್ಮ ಟೌನ್‌ಶಿಪ್ ನಿಮ್ಮಿಂದ ಏನೂ ಬಂದಿಲ್ಲ ಎನ್ನುತ್ತದೆ.

2008ರ ಆಕ್ಟ್ 32 ಎಂಬ ಕಾಯ್ದೆ 2012ರಿಂದ ಪೂರ್ತಿ ಜಾರಿಯಲ್ಲಿದೆ. ಅದರ ಪ್ರಕಾರ ನಿಮ್ಮ ಮನೆಯಿರುವ ಕಡೆಯ ನಿವಾಸಿ ದರ, ಕಚೇರಿಯಿರುವ ಕಡೆಯ ಹೊರಗಿನವರ ದರ, ಇವೆರಡರಲ್ಲಿ ಹೆಚ್ಚಿನದನ್ನು ಕಂಪನಿ ಕಡಿತ ಮಾಡುತ್ತದೆ. ಇದಕ್ಕೆ ಅರ್ನ್ಡ್ ಇನ್‌ಕಮ್ ಟ್ಯಾಕ್ಸ್, ಬಾಯಿಮಾತಿನಲ್ಲಿ ಇಐಟಿ, ಎಂದು ಹೆಸರು. ಉಪನಗರಗಳಲ್ಲಿ ಸಾಮಾನ್ಯವಾಗಿ ಕಾಣುವ ದರ ಶೇ. 1: ಅರ್ಧ ಟೌನ್‌ಶಿಪ್‌ಗೆ, ಅರ್ಧ ಸ್ಕೂಲ್ ಡಿಸ್ಟ್ರಿಕ್ಟ್‌ಗೆ. ಎರಡೂ ಕಡೆ ಶೇ. 1 ಇದ್ದರೆ ನೀವು ಕಟ್ಟುವುದು ಒಂದೇ ಸಲ, ಹಣ ಮನೆಯ ಕಡೆಗೇ ಹೋಗುತ್ತದೆ. ಇಐಟಿಯೇ ಇಲ್ಲದ ಟೌನ್‌ಶಿಪ್‌ನಲ್ಲಿ ವಾಸವಿದ್ದು, ಹೊರಗಿನವರಿಗೂ ತೆರಿಗೆ ಹಾಕುವ ಕಡೆ ಕೆಲಸ ಮಾಡಿದರೆ ಕೆಲಸದ ಊರಿಗೆ ಕಟ್ಟಲೇಬೇಕು. ಅದು ವಾಪಸ್ ಬರುವುದಿಲ್ಲ.

ಪೇಸ್ಲಿಪ್‌ನಲ್ಲಿ ನಾಲ್ಕು ಸಾಲು ಹುಡುಕಿ. ರಾಜ್ಯದ ಆದಾಯ ತೆರಿಗೆ ಶೇ. 3.07. ನಿರುದ್ಯೋಗ ವಿಮೆಯ ನೌಕರರ ಪಾಲು ಶೇ. 0.07. ಇಐಟಿ. ಕೊನೆಗೆ ಎಲ್‌ಎಸ್‌ಟಿ, ಅಂದರೆ ಲೋಕಲ್ ಸರ್ವಿಸಸ್ ಟ್ಯಾಕ್ಸ್.

ಎಲ್‌ಎಸ್‌ಟಿ ನಮ್ಮ ಕಡೆಯ ವೃತ್ತಿ ತೆರಿಗೆಯಂಥದ್ದು. ವರ್ಷಕ್ಕೆ ಹೆಚ್ಚೆಂದರೆ 52 ಡಾಲರ್. ವಾರಕ್ಕೊಮ್ಮೆ ಸಂಬಳವಾದರೆ ಒಂದೊಂದು ಡಾಲರ್, ಎರಡು ವಾರಕ್ಕೊಮ್ಮೆಯಾದರೆ ಎರಡೆರಡು. ಇದು ಕೆಲಸದ ಜಾಗಕ್ಕೆ ಸೇರಿದ್ದು, ಮನೆಗಲ್ಲ. ಎರಡು ಕಡೆ ದುಡಿದರೂ ಒಂದೇ ಕಡೆ ಕಟ್ಟಬೇಕು. ಎರಡನೇ ಕಂಪನಿಗೆ ಮೊದಲನೆಯ ಕಂಪನಿಯ ಪೇಸ್ಲಿಪ್ ಜೊತೆ ವಿನಾಯಿತಿ ಅರ್ಜಿ ಕೊಡಿ. ಎಲ್‌ಎಸ್‌ಟಿ 10 ಡಾಲರ್ ಮೀರಿರುವ ಕಡೆ, ವರ್ಷದ ದುಡಿಮೆ 12,000 ಡಾಲರ್‌ಗಿಂತ ಕಡಿಮೆಯಿದ್ದರೆ ವಿನಾಯಿತಿ ಸಿಗುತ್ತದೆ. ಕ್ಯಾಂಪಸ್‌ನಲ್ಲಿ ಅರೆಕಾಲಿಕ ಕೆಲಸ ಮಾಡುವ ವಿದ್ಯಾರ್ಥಿಗಳು ಇದನ್ನು ಕೇಳಿ ಪಡೆಯಬೇಕು, ಕೇಳದಿದ್ದರೆ ಯಾರೂ ಕೊಡುವುದಿಲ್ಲ.

ಎಚ್ಚರಿಕೆಯ ಲಕ್ಷಣ: ಪೇಸ್ಲಿಪ್‌ನಲ್ಲಿ ಇಐಟಿ ಸಾಲೇ ಇಲ್ಲದಿರುವುದು. ಹೊರ ರಾಜ್ಯದ ಕಂಪನಿಗೆ ಮನೆಯಿಂದ ಕೆಲಸ ಮಾಡುವವರಲ್ಲಿ ಇದು ಹೆಚ್ಚು. ಕಡಿತವಾಗಿಲ್ಲವೆಂದರೆ ತೆರಿಗೆ ಇಲ್ಲವೆಂದಲ್ಲ. ವಸೂಲಿ ಸಂಸ್ಥೆಯ ತಾಣದಲ್ಲಿ ಖಾತೆ ತೆರೆದು ಮೂರು ತಿಂಗಳಿಗೊಮ್ಮೆ ನೀವೇ ಕಟ್ಟಬೇಕು.

ಹಂತ 3: ಡಬ್ಲ್ಯು-2 ಬಂದ ದಿನವೇ ತಾಳೆ ನೋಡಿ

ಒಂದು ಉದಾಹರಣೆ ತೆಗೆದುಕೊಳ್ಳೋಣ. ಸಂಬಳ 1,20,000 ಡಾಲರ್, 401(ಕೆ) ಎಂಬ ನಿವೃತ್ತಿ ಖಾತೆಗೆ ನೀವು ಹಾಕಿದ್ದು 15,000. 1ನೇ ಬಾಕ್ಸ್‌ನಲ್ಲಿ (ಫೆಡರಲ್ ಲೆಕ್ಕದ ಸಂಬಳ) 1,05,000 ಇದ್ದರೆ 16ನೇ ಬಾಕ್ಸ್‌ನಲ್ಲಿ (ರಾಜ್ಯದ ಲೆಕ್ಕದ ಸಂಬಳ) 1,20,000 ಇರುತ್ತದೆ. ಇದು ಕಂಪನಿಯ ತಪ್ಪಲ್ಲ. ನೌಕರರು 401(ಕೆ)ಗೆ ಹಾಕುವ ಹಣಕ್ಕೆ ಪೆನ್ಸಿಲ್ವೇನಿಯಾ ಈಗಲೇ ತೆರಿಗೆ ಹಾಕುತ್ತದೆ, ನಿವೃತ್ತಿಯಾಗಿ 59½ ದಾಟಿ ತೆಗೆದಾಗ ಬಿಟ್ಟುಬಿಡುತ್ತದೆ. 16ನೇ ಬಾಕ್ಸನ್ನು 1ರಷ್ಟೇ ಮಾಡಲು ತಿದ್ದುವವರಿದ್ದಾರೆ. ತಿದ್ದಿದರೆ ನೋಟಿಸು ಖಂಡಿತ.

17ನೇ ಬಾಕ್ಸ್ (ರಾಜ್ಯದ ತೆರಿಗೆ) 16ನೆಯದರ ಶೇ. 3.07 ಆಗಿರಬೇಕು: 3,684 ಡಾಲರ್. 19ನೇ ಬಾಕ್ಸ್ (ಸ್ಥಳೀಯ ತೆರಿಗೆ) 18ನೆಯದರ (ಸ್ಥಳೀಯ ಲೆಕ್ಕದ ಸಂಬಳ) ಶೇ. 1 ಆಗಿರಬೇಕು: 1,200. 20ನೇ ಬಾಕ್ಸ್‌ನಲ್ಲಿ ವಸೂಲಿ ಜಿಲ್ಲೆಯ ಗುರುತಿರುತ್ತದೆ. ಅಲ್ಲಿ ನೀವು ಬಿಟ್ಟುಬಂದ ಕೌಂಟಿಯ ಸಂಖ್ಯೆಯೇ ಇದ್ದರೆ ಹಂತ 2ರಲ್ಲಿ ಎಡವಿದ್ದೀರಿ. ತಡಮಾಡದೆ ಪೇರೋಲ್ ವಿಭಾಗಕ್ಕೆ ಬರೆದು ತಿದ್ದಿದ ಡಬ್ಲ್ಯು-2 ಕೇಳಿ. ಏಪ್ರಿಲ್ ಬಂದ ಮೇಲೆ ಕೇಳಿದರೆ ಸಿಗುವುದು ಕಷ್ಟ.

ಹಂತ 4: ರಾಜ್ಯದ ರಿಟರ್ನ್, ಪಿಎ-40

ಕೊನೆಯ ದಿನ ಏಪ್ರಿಲ್ 15. ವರಮಾನ 33 ಡಾಲರ್ ದಾಟಿದರೆ ಸಲ್ಲಿಸಲೇಬೇಕು. ವಿದ್ಯಾರ್ಥಿ ವೀಸಾದವರಿಗೂ ಇದೇ ನಿಯಮ. ಕಂದಾಯ ಇಲಾಖೆಯ ಮೈಪಾಥ್ ತಾಣದಲ್ಲಿ ಪುಕ್ಕಟೆಯಾಗಿ ಸಲ್ಲಿಸಬಹುದು.

ಫೆಡರಲ್ ರಿಟರ್ನ್‌ನ ಅಭ್ಯಾಸವನ್ನು ಇಲ್ಲಿಗೆ ತರಬೇಡಿ. ಇಲ್ಲಿ ಸ್ಟ್ಯಾಂಡರ್ಡ್ ಡಿಡಕ್ಷನ್ ಇಲ್ಲ, ಮಕ್ಕಳ ಲೆಕ್ಕದ ವಿನಾಯಿತಿ ಇಲ್ಲ, ಮನೆ ಸಾಲದ ಬಡ್ಡಿ ಕಳೆಯುವಂತಿಲ್ಲ. ಆದಾಯವನ್ನು ಎಂಟು ಬಗೆಯಾಗಿ ವಿಂಗಡಿಸುತ್ತಾರೆ: ಸಂಬಳ, ಬಡ್ಡಿ, ಡಿವಿಡೆಂಡ್, ವ್ಯಾಪಾರದ ಲಾಭ, ಆಸ್ತಿ ಮಾರಾಟದ ಲಾಭ, ಬಾಡಿಗೆ, ಎಸ್ಟೇಟ್ ಅಥವಾ ಟ್ರಸ್ಟ್‌ನಿಂದ ಬಂದದ್ದು, ಜೂಜಿನ ಗೆಲುವು. ಒಂದರ ನಷ್ಟವನ್ನು ಇನ್ನೊಂದರ ಲಾಭದಲ್ಲಿ ಕಳೆಯುವಂತಿಲ್ಲ, ಮುಂದಿನ ವರ್ಷಕ್ಕೆ ಒಯ್ಯುವಂತೆಯೂ ಇಲ್ಲ. ಗಂಡನ ಷೇರಿನ ನಷ್ಟವನ್ನು ಹೆಂಡತಿಯ ಷೇರಿನ ಲಾಭದಲ್ಲಿ ಕಳೆಯಲೂ ಬಿಡುವುದಿಲ್ಲ, ಇಬ್ಬರೂ ಜಂಟಿಯಾಗಿ ಸಲ್ಲಿಸಿದ್ದರೂ ಸರಿ. ಷೇರು ಮಾರುವ ಮುನ್ನ ಇದನ್ನು ನೆನಪಿಡಿ.

ಕಳೆಯಲು ಸಿಗುವುದು ಕೆಲವೇ, ಅವನ್ನೂ ಬಿಟ್ಟುಬಿಡುವವರು ಬಹಳ. ಎಚ್‌ಎಸ್‌ಎ ಎಂಬ ವೈದ್ಯಕೀಯ ವೆಚ್ಚದ ಖಾತೆಗೆ ನೀವಾಗಿ ಹಾಕಿದ ಹಣ, ಮಕ್ಕಳ ಓದಿನ 529 ಖಾತೆಗೆ ಹಾಕಿದ್ದು. 529 ಯಾವ ರಾಜ್ಯದ ಯೋಜನೆಯಾದರೂ ಆಗುತ್ತದೆ. ಪ್ರತಿ ಮಗುವಿಗೆ, ತಂದೆತಾಯಿಗಳಲ್ಲಿ ಪ್ರತಿಯೊಬ್ಬರಿಗೆ, ಆ ವರ್ಷದ ಫೆಡರಲ್ ಗಿಫ್ಟ್ ಮಿತಿಯಷ್ಟು ಕಳೆಯಬಹುದು. 2025ಕ್ಕೆ ಆ ಮಿತಿ 19,000 ಡಾಲರ್. ಇಬ್ಬರೂ ಕಳೆಯಬೇಕಾದರೆ ಇಬ್ಬರಿಗೂ ಅವರವರ ಆದಾಯವಿರಬೇಕು. ಇವೆರಡೂ ‘ಶೆಡ್ಯೂಲ್ ಓ’ ಎಂಬ ಪುಟದಲ್ಲಿ ಹೋಗುತ್ತವೆ. ಡೇಕೇರ್‌ಗೆ ಹಣ ಕಟ್ಟಿ ಫೆಡರಲ್‌ನಲ್ಲಿ 2441 ಫಾರ್ಮ್ ತುಂಬಿದ್ದರೆ, ಅಲ್ಲಿ ಸಿಕ್ಕಷ್ಟೇ ಮೊತ್ತದ ಕ್ರೆಡಿಟ್ ರಾಜ್ಯದಿಂದಲೂ ಸಿಗುತ್ತದೆ. 2023ರಿಂದ ಇದು ಪೂರ್ತಿ ಶೇ. 100. ಶೆಡ್ಯೂಲ್ ಡಿಸಿ ತುಂಬಲು ಮರೆತರೆ ಸಿಗುವುದಿಲ್ಲ.

ಆದಾಯ ಕಡಿಮೆಯಿರುವ ಕುಟುಂಬಗಳು ಶೆಡ್ಯೂಲ್ ಎಸ್‌ಪಿ ನೋಡಲೇಬೇಕು. ಗಂಡ, ಹೆಂಡತಿ, ಇಬ್ಬರು ಮಕ್ಕಳ ಸಂಸಾರದ ಅರ್ಹತಾ ಆದಾಯ 32,000 ಡಾಲರ್ ಒಳಗಿದ್ದರೆ ರಾಜ್ಯದ ತೆರಿಗೆ ಪೂರ್ತಿ ಮನ್ನಾ.

*ಭಾರತದ ಆದಾಯ*

ಪೆನ್ಸಿಲ್ವೇನಿಯಾ ನಿವಾಸಿಯ ಆದಾಯ ಎಲ್ಲಿಂದ ಬಂದರೂ ರಾಜ್ಯಕ್ಕೆ ಲೆಕ್ಕ ಕೊಡಬೇಕು. ಎನ್‌ಆರ್‌ಇ (ವಿದೇಶದ ದುಡಿಮೆ ಇಡುವ ಖಾತೆ) ಠೇವಣಿಯ ಬಡ್ಡಿಗೆ ಭಾರತದಲ್ಲಿ ತೆರಿಗೆ ಇಲ್ಲ, ನಿಜ. ಇಲ್ಲಿ ಫೆಡರಲ್‌ಗೂ ರಾಜ್ಯಕ್ಕೂ ಇದೆ. ಎನ್‌ಆರ್‌ಒ (ಭಾರತದ ಆದಾಯ ಇಡುವ ಖಾತೆ) ಠೇವಣಿಯ ಬಡ್ಡಿ, ಜಯನಗರದ ಫ್ಲಾಟಿನ ಬಾಡಿಗೆ, ಮೈಸೂರಿನ ಸೈಟು ಮಾರಿದ ಲಾಭ, ಎಲ್ಲವೂ ಬರುತ್ತವೆ.

ಮುಖ್ಯವಾದ ಮಾತು ಇದು: ಭಾರತದಲ್ಲಿ ಕಟ್ಟಿದ ತೆರಿಗೆಗೆ ಫೆಡರಲ್ ರಿಟರ್ನ್ ಕ್ರೆಡಿಟ್ ಕೊಡುತ್ತದೆ, ಪೆನ್ಸಿಲ್ವೇನಿಯಾ ಕೊಡುವುದಿಲ್ಲ. ಬೇರೆ ದೇಶಗಳ ತೆರಿಗೆಗೆ ಇದ್ದ ಕ್ರೆಡಿಟನ್ನು 2013ರ ಆಕ್ಟ್ 52 ತೆಗೆದುಹಾಕಿತು, ಈಗ ಉಳಿದಿರುವುದು ಬೇರೆ ರಾಜ್ಯಗಳಿಗೆ ಕಟ್ಟಿದ್ದಕ್ಕೆ ಮಾತ್ರ. ಎನ್‌ಆರ್‌ಒ ಬಡ್ಡಿಯ ಮೇಲೆ ಶೇ. 30ಕ್ಕೂ ಮೀರಿ ಟಿಡಿಎಸ್ ಹಿಡಿದಿದ್ದರೂ ಇಲ್ಲಿ ಶೇ. 3.07 ಬೇರೆಯಾಗಿ ಕಟ್ಟಬೇಕು. ಬೆಂಗಳೂರಿನಲ್ಲಿ ಆಸ್ತಿ ಮಾರುವ ಯೋಚನೆಯಿದ್ದರೆ ಈ ಮೊತ್ತವನ್ನು ಮೊದಲೇ ತೆಗೆದಿಡಿ. 2,00,000 ಡಾಲರ್ ಲಾಭಕ್ಕೆ 6,140 ಡಾಲರ್ ಆಗುತ್ತದೆ.

ಕಡಿತವಾಗದ ಇಂಥ ಆದಾಯ ವರ್ಷಕ್ಕೆ 9,500 ಡಾಲರ್ ದಾಟುವಂತಿದ್ದರೆ ಪಿಎ-40 ಇಎಸ್ ಮೂಲಕ ಮುಂಗಡ ಕಂತು ಕಟ್ಟಬೇಕು. ಸಮಾಧಾನದ ಸಂಗತಿಯೂ ಒಂದಿದೆ. ಬಡ್ಡಿ, ಡಿವಿಡೆಂಡ್, ಷೇರು ಅಥವಾ ಆಸ್ತಿ ಮಾರಿದ ಲಾಭ, ಇವು ಸ್ಥಳೀಯ ಇಐಟಿಗೆ ಬರುವುದಿಲ್ಲ.

ಹಂತ 5: ಸ್ಥಳೀಯ ರಿಟರ್ನ್, ಎಲ್ಲರೂ ಮರೆಯುವುದು

ಪೂರ್ತಿ ತೆರಿಗೆ ಕಡಿತವಾಗಿದ್ದರೂ, ಬಾಕಿ ಸೊನ್ನೆಯಿದ್ದರೂ, ಇಐಟಿ ಇರುವ ಟೌನ್‌ಶಿಪ್‌ನವರು ಪ್ರತಿ ವರ್ಷ ಸಲ್ಲಿಸಬೇಕು. ಕೊನೆಯ ದಿನ ಇದಕ್ಕೂ ಏಪ್ರಿಲ್ 15. ಇದು ರಾಜ್ಯ ಸರ್ಕಾರಕ್ಕೆ ಹೋಗುವುದಿಲ್ಲ, ವಸೂಲಿ ಸಂಸ್ಥೆಗೆ ಹೋಗುತ್ತದೆ. ಚೆಸ್ಟರ್ ಕೌಂಟಿಗೆ ಕೀಸ್ಟೋನ್, ಮಾಂಟ್ಗೊಮರಿಗೆ ಬರ್ಕ್‌ಹೈಮರ್. ಇವು ಖಾಸಗಿ ಸಂಸ್ಥೆಗಳಾದ್ದರಿಂದ ಅವುಗಳ ಪತ್ರ ಬಂದಾಗ ಮೋಸದ ಕಾಗದವೆಂದು ಹರಿದೆಸೆಯುವವರಿದ್ದಾರೆ. ಎಸೆಯಬೇಡಿ. ಹಂತ 1ರಲ್ಲಿ ಉಳಿಸಿಟ್ಟ ಪುಟದಲ್ಲಿರುವ ಸಂಸ್ಥೆಯ ಹೆಸರಿನ ಜೊತೆ ತಾಳೆ ನೋಡಿ, ನಂತರ ಅವರ ತಾಣಕ್ಕೆ ನೀವೇ ಹೋಗಿ ನೋಟಿಸು ನಿಜವೇ ಎಂದು ಪರೀಕ್ಷಿಸಿ.

ರಿಟರ್ನ್ ತಯಾರಿಸುವ ತಂತ್ರಾಂಶಗಳು ಸ್ಥಳೀಯ ಫಾರ್ಮನ್ನು ತುಂಬಿಕೊಟ್ಟರೂ ಕಳಿಸದೆ ಮುದ್ರಿಸಿ ನಿಮ್ಮ ಕೈಗೆ ಕೊಡಬಹುದು. ಸಲ್ಲಿಕೆಯಾಯಿತು ಎಂಬ ಸಂದೇಶ ಯಾವ ರಿಟರ್ನಿನದು ಎಂದು ಓದಿ ನೋಡಿ. ವಸೂಲಿ ಸಂಸ್ಥೆಯ ತಾಣದಲ್ಲೇ ತುಂಬುವುದು ಲೇಸು. ದಂಪತಿಗಳು ಒಂದೇ ಫಾರ್ಮಿನಲ್ಲಿ ತುಂಬಬಹುದು, ಆದರೆ ಇಬ್ಬರ ಲೆಕ್ಕವೂ ಅವರವರ ಅಂಕಣದಲ್ಲಿ ಬೇರೆಬೇರೆಯಾಗಿರಬೇಕು.

*ಫಿಲಡೆಲ್ಫಿಯಾದಲ್ಲಿ ಕೆಲಸ*

ನಗರ ಸಂಬಳಕ್ಕೆ ಹಾಕುವ ವೇಜ್ ಟ್ಯಾಕ್ಸ್ ಹೊರಗಿನವರಿಗೆ 2025ರ ಜುಲೈ 1ರಿಂದ ಶೇ. 3.43. ಅಲ್ಲಿ ಕಟ್ಟಿದ್ದಕ್ಕೆ ನಿಮ್ಮ ಮನೆಯ ಇಐಟಿಯಲ್ಲಿ ಕ್ರೆಡಿಟ್ ಸಿಗುತ್ತದೆ, ಹಾಗಾಗಿ ಆ ಸಂಬಳದ ಮೇಲೆ ಟೌನ್‌ಶಿಪ್‌ಗೆ ಕಟ್ಟಬೇಕಾದ್ದು ಏನೂ ಉಳಿಯುವುದಿಲ್ಲ. ಹೆಚ್ಚಾದದ್ದು ವಾಪಸ್ಸೂ ಬರುವುದಿಲ್ಲ, ರಾಜ್ಯದ ತೆರಿಗೆಯಲ್ಲೂ ಕಳೆಯಲಾಗದು.

ಕಂಪನಿಯೇ ನಗರದ ಹೊರಗೆ ಕೆಲಸ ಮಾಡಬೇಕೆಂದು ಹೇಳಿದ ದಿನಗಳಿಗೆ ವೇಜ್ ಟ್ಯಾಕ್ಸ್ ಮರುಪಾವತಿ ಕೇಳಬಹುದು. ನಿಮ್ಮ ಅನುಕೂಲಕ್ಕೆ ಮನೆಯಲ್ಲಿ ಕೂತ ದಿನಗಳಿಗೆ ಇಲ್ಲ. ಕಂಪನಿಯ ಪತ್ರ ಮತ್ತು ದಿನಗಳ ಪಟ್ಟಿ ಬೇಕು, ಮೂರು ವರ್ಷದೊಳಗೆ ಕೇಳಬೇಕು. ಇಲ್ಲೊಂದು ಹಳ್ಳವಿದೆ. ಸಂಬಳ 1,00,000 ಡಾಲರ್, ಅದರಲ್ಲಿ 40,000ದಷ್ಟು ಮನೆಯಿಂದ ದುಡಿದದ್ದು ಎನ್ನಿ. ಮರುಪಾವತಿ 1,372 ಡಾಲರ್ ಬರುತ್ತದೆ. ಆದರೆ ಆ 40,000ಕ್ಕೆ ಈಗ ಮನೆಯ ಇಐಟಿ ಶೇ. 1 ಬೀಳುತ್ತದೆ, 400 ಡಾಲರ್. ಅದನ್ನು ಕಟ್ಟದೆ ಬಿಟ್ಟರೆ ಒಂದೆರಡು ವರ್ಷದ ನಂತರ ದಂಡದ ಸಮೇತ ಪತ್ರ ಬರುತ್ತದೆ.

*ನ್ಯೂಜೆರ್ಸಿ ಮತ್ತು ಡೆಲವೇರ್*

ನ್ಯೂಜೆರ್ಸಿ, ಮೇರಿಲ್ಯಾಂಡ್, ಒಹಾಯೊ, ವರ್ಜೀನಿಯಾ, ವೆಸ್ಟ್ ವರ್ಜೀನಿಯಾ, ಇಂಡಿಯಾನಾ ರಾಜ್ಯಗಳ ಜೊತೆ ಪೆನ್ಸಿಲ್ವೇನಿಯಾಕ್ಕೆ ಒಪ್ಪಂದವಿದೆ: ಸಂಬಳಕ್ಕೆ ವಾಸವಿರುವ ರಾಜ್ಯ ಮಾತ್ರ ತೆರಿಗೆ ಹಾಕುತ್ತದೆ. ನ್ಯೂಜೆರ್ಸಿ ಕಂಪನಿಗೆ ಎನ್‌ಜೆ-165 ಫಾರ್ಮ್ ಕೊಟ್ಟರೆ ಅಲ್ಲಿನ ಕಡಿತ ನಿಲ್ಲುತ್ತದೆ. ಇಐಟಿಯನ್ನು ಅವರು ಕಡಿತ ಮಾಡದಿದ್ದರೆ ಅದು ನಿಮ್ಮ ಪಾಲಿನ ಕೆಲಸ.

ಡೆಲವೇರ್, ನ್ಯೂಯಾರ್ಕ್ ಜೊತೆ ಈ ಒಪ್ಪಂದವಿಲ್ಲ. ವಿಲ್ಮಿಂಗ್ಟನ್‌ಗೆ ಓಡಾಡುವವರು ಮೊದಲು ಡೆಲವೇರ್ ರಿಟರ್ನ್ ಮುಗಿಸಿ, ಆಮೇಲೆ ಪಿಎ-40ರಲ್ಲಿ ಕ್ರೆಡಿಟ್ ತೆಗೆದುಕೊಂಡು, ಕೊನೆಗೆ ಸ್ಥಳೀಯ ರಿಟರ್ನ್ ಮಾಡಬೇಕು. ಕ್ರಮ ತಿರುವುಮುರುವಾದರೆ ಲೆಕ್ಕ ಕೂಡುವುದಿಲ್ಲ. 1,00,000 ಡಾಲರ್ ಸಂಬಳಕ್ಕೆ ಡೆಲವೇರ್‌ಗೆ 5,200 ಕಟ್ಟಿದ್ದೀರೆನ್ನೋಣ. ಅದರಲ್ಲಿ 3,070 ಪೆನ್ಸಿಲ್ವೇನಿಯಾದ ತೆರಿಗೆಯನ್ನು ಸರಿದೂಗಿಸುತ್ತದೆ. ಉಳಿದ 2,130 ಡಾಲರನ್ನು ಇಐಟಿಯ 1,000ಕ್ಕೆ ಹೊಂದಿಸಬಹುದು. ಹೀಗೆ ಹೊಂದಿಸಬಹುದೆಂದು ಗೊತ್ತಿಲ್ಲದೆ ಆ 1,000 ಡಾಲರನ್ನು ಸುಮ್ಮನೆ ಕಟ್ಟುವವರಿದ್ದಾರೆ. ಡೆಲವೇರ್ ರಿಟರ್ನ್ ಪ್ರತಿಯನ್ನು ಲಗತ್ತಿಸಿ.

ಹಂತ 6: ಮನೆ ತೆರಿಗೆಯ ಮೂರು ಬಿಲ್ಲುಗಳು

ಕೌಂಟಿ, ಟೌನ್‌ಶಿಪ್, ಸ್ಕೂಲ್ ಡಿಸ್ಟ್ರಿಕ್ಟ್ ಮೂರೂ ಒಂದೇ ಅಸೆಸ್ಡ್ ಮೌಲ್ಯದ (ತೆರಿಗೆಗೆಂದು ಕೌಂಟಿ ಗೊತ್ತುಮಾಡಿದ ಮೌಲ್ಯ) ಮೇಲೆ ತಮ್ಮ ತಮ್ಮ ಮಿಲ್ ದರ ಹಾಕುತ್ತವೆ. ಒಂದು ಮಿಲ್ ಎಂದರೆ ಸಾವಿರ ಡಾಲರ್ ಮೌಲ್ಯಕ್ಕೆ ಒಂದು ಡಾಲರ್. ದೊಡ್ಡ ಪಾಲು ಶಾಲೆಯದು. ಕೌಂಟಿ ಮತ್ತು ಟೌನ್‌ಶಿಪ್ ಬಿಲ್ಲುಗಳು ವರ್ಷದ ಆರಂಭದಲ್ಲಿ, ಶಾಲೆಯ ಬಿಲ್ಲು ಸಾಮಾನ್ಯವಾಗಿ ಜುಲೈ 1ಕ್ಕೆ.

ಬಿಲ್ಲಿನಲ್ಲಿ ಮೂರು ಮೊತ್ತಗಳಿರುತ್ತವೆ. ಮೊದಲ ಎರಡು ತಿಂಗಳು ಕಟ್ಟಿದರೆ ಶೇ. 2 ರಿಯಾಯಿತಿ, ಮುಂದಿನ ಎರಡು ತಿಂಗಳು ಪೂರ್ತಿ ಮೊತ್ತ, ಆಮೇಲೆ ಶೇ. 10ರವರೆಗೆ ದಂಡ. ಜುಲೈ 1ರ ಶಾಲೆಯ ಬಿಲ್ಲಿಗೆ ರಿಯಾಯಿತಿ ಆಗಸ್ಟ್ 31ರವರೆಗೆ, ಅಕ್ಟೋಬರ್ 31 ದಾಟಿದರೆ ದಂಡ. 10,000 ಡಾಲರ್ ಬಿಲ್ಲಿನಲ್ಲಿ ಆಗಸ್ಟ್‌ಗೂ ನವೆಂಬರ್‌ಗೂ ನಡುವಿನ ಅಂತರ 1,200 ಡಾಲರ್.

ಬಿಲ್ಲು ಕೈಸೇರಲಿಲ್ಲ ಎಂಬ ನೆಪ ಸಾಮಾನ್ಯವಾಗಿ ನಡೆಯುವುದಿಲ್ಲ. ಹೊಸದಾಗಿ ಮನೆ ಕೊಂಡವರಿಗೆ ಮಾತ್ರ 2022ರ ಆಕ್ಟ್ 57 ಒಂದು ದಾರಿ ಕೊಟ್ಟಿದೆ. ಮನೆ ಹೆಸರಿಗಾದ 12 ತಿಂಗಳೊಳಗೆ, ಬಿಲ್ಲು ಬರಲಿಲ್ಲವೆಂದು ಬರೆದುಕೊಟ್ಟು, ಡೀಡ್ ಪ್ರತಿ ಜೊತೆಗಿಟ್ಟು ಪೂರ್ತಿ ಮೊತ್ತ ಕಟ್ಟಿದರೆ ದಂಡ ಬಿಡಬೇಕು.

*ಹೊಸದಾಗಿ ಕಟ್ಟಿದ ಮನೆ*

ಇಲ್ಲಿ ಪೆಟ್ಟು ತಿಂದವರು ಬಹಳ. ನೀವು ಕೊಳ್ಳುವಾಗ ದಾಖಲೆಯಲ್ಲಿರುವುದು ಖಾಲಿ ನಿವೇಶನದ ಮೌಲ್ಯ. ಸಾಲದ ಕಂಪನಿ ಎಸ್ಕ್ರೋ ಲೆಕ್ಕ ಹಾಕುವುದೂ ಅದರ ಮೇಲೆಯೇ ಆಗಿರಬಹುದು. ಕೆಲವು ತಿಂಗಳ ನಂತರ ಕೌಂಟಿ ಮನೆಯನ್ನು ಸೇರಿಸಿ ಮೌಲ್ಯ ಏರಿಸುತ್ತದೆ, ಹಿಂದಿನ ತಿಂಗಳುಗಳಿಗೂ ಸೇರಿಸಿ ಮೂರೂ ಕಡೆಯಿಂದ ಇಂಟರಿಮ್ (ಮಧ್ಯಂತರ) ಬಿಲ್ಲು ಬರುತ್ತದೆ. ಅದು ಬರುವುದು ನಿಮ್ಮ ಮನೆಗೆ. ಸಾಲದ ಕಂಪನಿಗಳು ಸಾಮಾನ್ಯವಾಗಿ ಅದನ್ನು ಕಟ್ಟುವುದಿಲ್ಲ. ಬಿಲ್ಲು ಬಂದ ವಾರವೇ ಅವರಿಗೆ ಕರೆಮಾಡಿ ಯಾರು ಕಟ್ಟಬೇಕೆಂದು ಲಿಖಿತವಾಗಿ ಪಡೆಯಿರಿ. ಮುಂದಿನ ವರ್ಷ ಎಸ್ಕ್ರೋ ಕಂತು ತಿಂಗಳಿಗೆ ನೂರಾರು ಡಾಲರ್ ಏರುತ್ತದೆ, ಅದಕ್ಕೂ ಸಿದ್ಧರಾಗಿರಿ. ಹೊಸ ಮೌಲ್ಯದ ನೋಟಿಸು ಒಪ್ಪಿಗೆಯಾಗದಿದ್ದರೆ ಅಪೀಲಿಗೆ ಇರುವುದು 40 ದಿನ ಮಾತ್ರ.

*ಹೋಮ್‌ಸ್ಟೆಡ್ ಅರ್ಜಿ*

ವಾಸದ ಮನೆಗೆ ಶಾಲಾ ತೆರಿಗೆಯಲ್ಲಿ ಕಡಿತ ಕೊಡುವ ವ್ಯವಸ್ಥೆ ಇದು, 2006ರ ಆಕ್ಟ್ 1ರ ಅಡಿ ಜೂಜುಕೇಂದ್ರಗಳ ವರಮಾನದಿಂದ ನಡೆಯುತ್ತದೆ. ತಾನಾಗಿ ಬರುವುದಿಲ್ಲ. ಕೌಂಟಿಯ ಅಸೆಸ್‌ಮೆಂಟ್ ಕಚೇರಿಗೆ ಮಾರ್ಚ್ 1ರೊಳಗೆ ಅರ್ಜಿ ಹಾಕಬೇಕು. ಒಮ್ಮೆ ಮಂಜೂರಾದರೆ ಪ್ರತಿ ವರ್ಷ ಹಾಕಬೇಕಿಲ್ಲ. ಶಾಲೆಯ ಬಿಲ್ಲಿನಲ್ಲಿ ಹೋಮ್‌ಸ್ಟೆಡ್ ಸಾಲು ಖಾಲಿಯಿದ್ದರೆ ನಿಮ್ಮ ಅರ್ಜಿ ಆಗಿಲ್ಲವೆಂದು ತಿಳಿಯಿರಿ. ಬಾಡಿಗೆಗೆ ಕೊಟ್ಟ ಎರಡನೇ ಮನೆಗೆ ಇದು ಸಲ್ಲದು.

ಜೊತೆಯಲ್ಲಿರುವ ಹಿರಿಯರು ತಮ್ಮ ಹೆಸರಿನ ಮನೆಗೆ ತೆರಿಗೆಯನ್ನೋ ಬಾಡಿಗೆಯನ್ನೋ ಕಟ್ಟುತ್ತಿದ್ದು, 65 ದಾಟಿದ್ದರೆ ರಾಜ್ಯದ ರಿಬೇಟ್ ಯೋಜನೆಯನ್ನೂ ನೋಡಿ. ಗರಿಷ್ಠ ಮೂಲ ಮೊತ್ತ 1,000 ಡಾಲರ್. 2023ರ ಲೆಕ್ಕಕ್ಕೆ 45,000 ಡಾಲರ್ ಇದ್ದ ಆದಾಯ ಮಿತಿ ಬೆಲೆಯೇರಿಕೆಯ ಜೊತೆ ಏರುತ್ತಿದೆ.

ಹಂತ 7: ಅಸೆಸ್‌ಮೆಂಟ್ ಹೆಚ್ಚಾಗಿದೆ ಅನಿಸಿದರೆ

ಅಸೆಸ್ಡ್ ಮೌಲ್ಯ ಮಾರುಕಟ್ಟೆ ಬೆಲೆಗಿಂತ ಕಡಿಮೆಯಿದೆ, ಹಾಗಾಗಿ ಸರಿಯಾಗಿಯೇ ಇದೆ ಎನ್ನುವುದು ತಪ್ಪು ತರ್ಕ. ಇಲ್ಲಿನ ಕೌಂಟಿಗಳು ಮರುಮೌಲ್ಯಮಾಪನ ಮಾಡಿ ದಶಕಗಳಾಗಿರುತ್ತವೆ. ಚೆಸ್ಟರ್, ಮಾಂಟ್ಗೊಮರಿಗಳದು 1990ರ ದಶಕದ್ದು, ಬಕ್ಸ್ ಕೌಂಟಿಯದು 1972ರದ್ದು, ಡೆಲವೇರ್ ಕೌಂಟಿ (ಪೆನ್ಸಿಲ್ವೇನಿಯಾದ್ದೇ, ಡೆಲವೇರ್ ರಾಜ್ಯವಲ್ಲ) ಮಾತ್ರ 2021ರಲ್ಲಿ ಹೊಸದು ಮಾಡಿತು. ಈ ಹಳೆಯ ಮೌಲ್ಯವನ್ನು ಇಂದಿನ ಬೆಲೆಗೆ ಹೋಲಿಸಲು ರಾಜ್ಯ ಪ್ರತಿ ವರ್ಷ ಕಾಮನ್ ಲೆವೆಲ್ ರೇಷಿಯೋ ಎಂಬ ಅನುಪಾತ ಪ್ರಕಟಿಸುತ್ತದೆ.

ಲೆಕ್ಕ ಹೀಗೆ. ಮನೆಯ ಇಂದಿನ ಬೆಲೆ 6,00,000 ಡಾಲರ್, ಅನುಪಾತ ಶೇ. 35 ಎಂದುಕೊಳ್ಳಿ. ಇರಬೇಕಾದ ಮೌಲ್ಯ 2,10,000. ದಾಖಲೆಯಲ್ಲಿ 2,40,000 ಇದ್ದರೆ 30,000 ಹೆಚ್ಚಾಗಿದೆ. ಮೂರೂ ಸೇರಿ 40 ಮಿಲ್ ಇದ್ದರೆ ವರ್ಷಕ್ಕೆ 1,200 ಡಾಲರ್ ಉಳಿಯುತ್ತದೆ. ಲೆಕ್ಕ ತಿರುಗಿ, ದಾಖಲೆಯದ್ದೇ ಕಡಿಮೆ ಬಂದರೆ ಅಪೀಲಿಗೆ ಹೋಗಬೇಡಿ. ಅಪೀಲು ಕೇಳುವ ಕೌಂಟಿಯ ಮಂಡಳಿಗೆ ಮೌಲ್ಯ ಏರಿಸುವ ಅಧಿಕಾರವೂ ಇದೆ.

ಫಿಲಡೆಲ್ಫಿಯಾ ಸುತ್ತಲಿನ ಈ ನಾಲ್ಕು ಕೌಂಟಿಗಳಲ್ಲಿ ವಾರ್ಷಿಕ ಅಪೀಲಿನ ಗಡುವು ಆಗಸ್ಟ್ 1, ಅನ್ವಯವಾಗುವುದು ಮುಂದಿನ ವರ್ಷಕ್ಕೆ. ಪರವಾನಗಿಯಿರುವ ಅಪ್ರೈಸರ್‌ನ (ಮನೆಯ ಬೆಲೆ ಅಂದಾಜಿಸುವವರ) ವರದಿ ಇದ್ದರೆ ಒಳ್ಳೆಯದು. ಅಂತರ್ಜಾಲದ ಅಂದಾಜು ಬೆಲೆಯನ್ನು ಮಂಡಳಿ ಪರಿಗಣಿಸುವುದಿಲ್ಲ. ವಿಚಾರಣೆಗೆ ಮುನ್ನ ಕೌಂಟಿಯ ದಾಖಲೆಯಲ್ಲಿ ಚದರಡಿ, ಬಚ್ಚಲುಮನೆಗಳ ಸಂಖ್ಯೆ, ಬೇಸ್‌ಮೆಂಟ್ ಮುಗಿಸಿದೆಯೇ ಎಂಬುದನ್ನು ಪರಿಶೀಲಿಸಿ. ದಾಖಲೆಯ ತಪ್ಪಿದ್ದರೆ ಅಪೀಲಿಗಿಂತ ತಿದ್ದುಪಡಿಯೇ ಸುಲಭ.

ಹಂತ 8: ಮಾರಾಟ ತೆರಿಗೆ ಮತ್ತು ಡೆಲವೇರ್ ಶಾಪಿಂಗ್

ರಾಜ್ಯದ ಮಾರಾಟ ತೆರಿಗೆ ಶೇ. 6, ಫಿಲಡೆಲ್ಫಿಯಾದಲ್ಲಿ 8, ಪಿಟ್ಸ್‌ಬರ್ಗ್ ಇರುವ ಆಲಿಗೆನಿ ಕೌಂಟಿಯಲ್ಲಿ 7. ಬಟ್ಟೆಗೂ ಬಹುಪಾಲು ದಿನಸಿಗೂ ಇಲ್ಲ. ಡೆಲವೇರ್‌ನಲ್ಲಿ ಮಾರಾಟ ತೆರಿಗೆ ಇಲ್ಲವೆಂದು ಅಲ್ಲಿಂದ ಟಿವಿ, ಲ್ಯಾಪ್‌ಟಾಪ್, ಪೀಠೋಪಕರಣ ತಂದರೆ ಇಲ್ಲಿ ಯೂಸ್ ಟ್ಯಾಕ್ಸ್ ಕಟ್ಟಬೇಕು. ಪಿಎ-40ರ 25ನೇ ಸಾಲು ಇದಕ್ಕೇ ಇರುವುದು. ರಸೀದಿ ಇಟ್ಟುಕೊಂಡು ನಿಜವಾದ ಮೊತ್ತ ತುಂಬಿ.

ಹಂತ 9: ಮನೆ ಬದಲಿಸುವಾಗ, ಮಾರುವಾಗ

ಆಸ್ತಿ ಕೈಬದಲಾದಾಗ ರಾಜ್ಯಕ್ಕೆ ಶೇ. 1, ಸ್ಥಳೀಯವಾಗಿ ಸಾಮಾನ್ಯವಾಗಿ ಇನ್ನೊಂದು ಶೇ. 1 ವರ್ಗಾವಣೆ ತೆರಿಗೆ. ರೂಢಿಯಂತೆ ಕೊಳ್ಳುವವರೂ ಮಾರುವವರೂ ಅರ್ಧರ್ಧ ಹಂಚಿಕೊಳ್ಳುತ್ತಾರೆ. 6,00,000 ಡಾಲರ್ ಮನೆಗೆ ನಿಮ್ಮ ಪಾಲು 6,000. ಗಂಡ ಹೆಂಡತಿ, ತಂದೆತಾಯಿ ಮಕ್ಕಳ ನಡುವಿನ ವರ್ಗಾವಣೆಗೆ ಇದಿಲ್ಲ.

ವರ್ಷದ ನಡುವೆ ಒಂದು ಟೌನ್‌ಶಿಪ್‌ನಿಂದ ಇನ್ನೊಂದಕ್ಕೆ ಹೋದರೆ ಎರಡು ಭಾಗವರ್ಷದ ಸ್ಥಳೀಯ ರಿಟರ್ನ್ ಬೇಕು, ಎರಡಕ್ಕೂ ವಸೂಲಿ ಸಂಸ್ಥೆ ಒಂದೇ ಆಗಿದ್ದರೂ ಸರಿ. ಮನೆ ಬದಲಿಸಿದ ದಿನಕ್ಕೆ ಹತ್ತಿರದ ಪೇಸ್ಲಿಪ್ ನೋಡಿ ಆ ತನಕದ ದುಡಿಮೆ ಮತ್ತು ಕಡಿತವನ್ನು ಹಳೆಯ ಟೌನ್‌ಶಿಪ್‌ಗೆ, ಉಳಿದದ್ದನ್ನು ಹೊಸದಕ್ಕೆ ಹಾಕಿ. ಬೋನಸ್ ಅಥವಾ ಆರ್‌ಎಸ್‌ಯು (ಕಂಪನಿ ಕೊಡುವ ಷೇರು) ಬಂದ ತಿಂಗಳು ಯಾವ ಮನೆಯಲ್ಲಿದ್ದಿರಿ ಎಂಬುದು ಇಲ್ಲಿ ಲೆಕ್ಕಕ್ಕೆ ಬರುತ್ತದೆ, ಆದ್ದರಿಂದ ತಿಂಗಳ ಲೆಕ್ಕದಲ್ಲಿ ಸಮನಾಗಿ ಹಂಚಿಬಿಡಬೇಡಿ. ಹೊಸ ಮನೆಯ ಕೀಲಿ ಸಿಕ್ಕ ವಾರವೇ ಹಂತ 1ರ ಹುಡುಕಾಟ ಮತ್ತೆ ಮಾಡಿ, ಹೊಸ ರೆಸಿಡೆನ್ಸಿ ಫಾರ್ಮನ್ನು ಕಂಪನಿಗೆ ಕೊಡಿ. ಹಳೆಯ ಮನೆಯನ್ನು ಮಾರದೆ ಬಾಡಿಗೆಗೆ ಕೊಡುವುದಾದರೆ ಅದರ ಹೋಮ್‌ಸ್ಟೆಡ್ ರದ್ದು ಮಾಡುವಂತೆ ಕೌಂಟಿಗೆ ಬರೆದು, ಹೊಸ ಮನೆಗೆ ಮುಂದಿನ ಮಾರ್ಚ್ 1ರೊಳಗೆ ಹೊಸ ಅರ್ಜಿ ಹಾಕಿ.